ಅಂಗನವಾಡಿ ಕಾರ್ಯಕರ್ತೆಗೆ ಯಜಮಾನರಾರು?

ಬಾಗಿಲು ತೆರೆಯುವ ವೇಳೆಯನ್ನು ಗೊತ್ತುಮಾಡುವುದು ಸರಕಾರ. ಮಗುವಿನ ತೂಕವನ್ನು ಯಾವ ದಫ್ತರದಲ್ಲಿ, ಈಚೆಗೆ ಯಾವ ಮೊಬೈಲ್ ಆ್ಯಪಿನಲ್ಲಿ, ದಾಖಲಿಸತಕ್ಕದ್ದೆಂದು ಆಜ್ಞಾಪಿಸುವುದು ಸರಕಾರ. ಕರ್ತವ್ಯಲೋಪವಾಯಿತೆಂದು ನೋಟೀಸು ಕೊಡುವುದೂ ಅರವತ್ತು ತುಂಬಿತೆಂದು ಮನೆಗೆ ಕಳುಹಿಸುವುದೂ ಸರಕಾರವೇ. ಇಷ್ಟಾದ ಮೇಲೂ ಈಕೆ ನಮ್ಮ ನೌಕರಳಲ್ಲ, ಬಿಡುವಿನ ವೇಳೆಯಲ್ಲಿ ಸೇವೆಗೆಂದು ಸ್ವೇಚ್ಛೆಯಿಂದ ಬಂದ ಗೌರವ ಕಾರ್ಯಕರ್ತೆಯೆಂದು ಅದೇ ಸರಕಾರವು ವಾದಿಸುವುದನ್ನು ಕೇಳಿದರೆ, ತರ್ಕಶಾಸ್ತ್ರದ ಗಂಧವಿಲ್ಲದವನಿಗೂ ವಿಸ್ಮಯವಾಗದಿರದು.

1975ನೆಯ ಅಕ್ಟೋಬರ್ 2ರಂದು ಸಮಗ್ರ ಶಿಶು ಅಭಿವೃದ್ಧಿ ಯೋಜನೆಯು ಆರಂಭವಾದಾಗ, ದೇಶದ ಮೊದಲ 33 ಪ್ರಯೋಗಕ್ಷೇತ್ರಗಳಲ್ಲಿ ನಮ್ಮ ತಿರುಮಕೂಡಲು ನರಸೀಪುರವೂ ಒಂದಾಗಿದ್ದಿತು. ಊರಿನ ಹೆಣ್ಣುಮಗಳೊಬ್ಬಳು ಕೆಲವು ಗಳಿಗೆ ಮಕ್ಕಳನ್ನು ನೋಡಿಕೊಂಡಾಳೆಂಬ ಅಂದಿನ ಕಲ್ಪನೆಯಲ್ಲಿ ಕಿಂಚಿತ್ ಔಚಿತ್ಯವಿದ್ದಿರಬಹುದು. ಆದರೆ ಅನಂತರ ಲಸಿಕೆ, ಮನೆಮನೆಯ ಸಮೀಕ್ಷೆ, ಮತದಾರರ ಪಟ್ಟಿಯ ಪರಿಷ್ಕರಣ, 2017ರಿಂದ ಮಾತೃಪೂರ್ಣ ಯೋಜನೆಯ ಗರ್ಭಿಣಿ-ಬಾಣಂತಿಯರ ಊಟ, ಹೀಗೆ ಭಾರವು ಬೆಳೆದಷ್ಟೂ ಆಕೆಯ ಸ್ಥಾನಮಾನ ಮಾತ್ರ ಇದ್ದಲ್ಲಿಯೇ ಉಳಿಯಿತು.

ಸರಕಾರದ ಪಕ್ಷವಹಿಸುವವರು, ಕರ್ನಾಟಕ ರಾಜ್ಯವೇ ಕಕ್ಷಿಯಾಗಿದ್ದ 2006ರ ಸುಪ್ರೀಂ ಕೋರ್ಟಿನ ತೀರ್ಪನ್ನು ಆಧಾರವಾಗಿ ಹಿಡಿಯುತ್ತಾರೆ. ಅಂಗನವಾಡಿ ಕಾರ್ಯಕರ್ತೆಯದು ಸಿವಿಲ್ ಹುದ್ದೆಯಲ್ಲವೆಂದು ಅದು ಹೇಳಿದ್ದು ನಿಜ. ಆದರೆ ಆಕೆ ದುಡಿಮೆಗಾರಳೇ ಅಲ್ಲವೆಂಬ ಅರ್ಥ ಅದರಿಂದ ಹೊರಡುವುದು ಹೇಗೆ? ಸರಕಾರಿ ಅಧಿಕಾರಿಗೂ ಸ್ವಯಂಸೇವಕನಿಗೂ ನಡುವೆ ಸಾಮಾನ್ಯ ಕಾರ್ಮಿಕನೆಂಬ ಮೂರನೆಯವನೊಬ್ಬನಿದ್ದಾನೆ, ಕಾರ್ಮಿಕ ಕಾಯಿದೆಗಳೆಲ್ಲ ಹುಟ್ಟಿದ್ದೇ ಅವನಿಗಾಗಿ. 2022ರ ಏಪ್ರಿಲಿನಲ್ಲಿ, ಗುಜರಾತಿನ ಪ್ರಕರಣವೊಂದರಲ್ಲಿ, ನ್ಯಾಯಮೂರ್ತಿ ಅಜಯ್ ರಸ್ತೋಗಿ ಮತ್ತು ನ್ಯಾಯಮೂರ್ತಿ ಅಭಯ್ ಓಕಾ ಅವರ ಪೀಠವು, ಈ ಕೆಲಸ ಅರೆಕಾಲಿಕವಲ್ಲ, ಈ ಗೌರವಧನವು ವೇತನವೇ, 1972ರ ಗ್ರಾಚ್ಯುಯಿಟಿ ಕಾಯಿದೆಯು ಇವರಿಗೂ ಅನ್ವಯಿಸತಕ್ಕದ್ದೆಂದು ನಿರ್ಣಯಿಸಿತು.

ಬೊಕ್ಕಸ ಬರಿದಾಗುವುದೆಂಬ ಭೀತಿಯನ್ನು ನಾನು ಲಘುವಾಗಿ ಕಾಣುವವನಲ್ಲ. 2018ರಲ್ಲಿ ಕೇಂದ್ರವು ಕಾರ್ಯಕರ್ತೆಯ ಗೌರವಧನವನ್ನು ತಿಂಗಳಿಗೆ 4,500 ರೂಪಾಯಿಗೂ ಸಹಾಯಕಿಯದನ್ನು 2,250ಕ್ಕೂ ಏರಿಸಿದ್ದೇ ದೊಡ್ಡ ಔದಾರ್ಯವೆನಿಸಿತು. ರಾಜ್ಯವು ಅದಕ್ಕೆ ತನ್ನ ಪಾಲನ್ನು ಕೂಡಿಸುತ್ತದೆ. ಆದರೆ ಹಣವಿಲ್ಲವೆಂಬುದು ಒಂದು ಮಾತು, ನೀನು ನಮ್ಮವಳೇ ಅಲ್ಲವೆಂಬುದು ಬೇರೊಂದು ಮಾತು. ಗಿರಣಿಯ ಮಾಲೀಕನೊಬ್ಬನು ಈ ಎರಡನೆಯ ಮಾತನ್ನಾಡಿದರೆ ಕಾರ್ಮಿಕ ಇಲಾಖೆಯು ಅವನ ಮೇಲೆ ಮೊಕದ್ದಮೆ ಹೂಡೀತು. ಸರಕಾರವೂ ಪಾಲ್ಗೊಂಡಿದ್ದ 2013ರ 45ನೆಯ ಭಾರತೀಯ ಕಾರ್ಮಿಕ ಸಮ್ಮೇಳನವು, ಇಂತಹ ಯೋಜನೆಗಳಲ್ಲಿ ದುಡಿಯುವವರನ್ನು ಕಾರ್ಮಿಕರೆಂದು ಮನ್ನಿಸಿ ಕನಿಷ್ಠ ವೇತನ ಕೊಡಬೇಕೆಂದು ಶಿಫಾರಸು ಮಾಡಿತು. ಹೊಸ ಸಮಿತಿಯನ್ನು ನೇಮಿಸುವ ಮುನ್ನ ನಮ್ಮ ಮಂತ್ರಿಗಳು ಆ ಶಿಫಾರಸನ್ನು ತೆಗೆದು ಓದಲಿ. ಓದಿ, ಜಾರಿಗೆ ತರಲಿ.