ಮೆಣಸಿನ ರಾಣಿಯ ಬಗ್ಗೆ ನಾವು ಏನು ಕೇಳುತ್ತೇವೆ?

ನನ್ನ ಖಾಲಾ ಮನೆಯಲ್ಲೇ ಮಸಾಲೆ ಪುಡಿ ಮಾಡಿ ಮಾರುತ್ತಾರೆ. ಮೊದಲು ಅಕ್ಕಪಕ್ಕದ ಮನೆಗಳಿಗೆ ಮಾತ್ರ ಕೊಡುತ್ತಿದ್ದರು. ಈಗ ಅಂಕೋಲಾ ಮತ್ತು ಕಾರವಾರದ ಕೆಲವು ಅಂಗಡಿಗಳಿಗೂ ಹಾಕುತ್ತಾರೆ. ವಾರಕ್ಕೊಮ್ಮೆ ಬಸ್ಸಿನಲ್ಲಿ ಹೋಗಿ ದುಡ್ಡು ವಸೂಲಿ ಮಾಡಿಕೊಂಡು ಬರುತ್ತಾರೆ. ನಾನು ಕಾಮರ್ಸ್ ಓದುತ್ತಿರುವುದರಿಂದ ಅವರ ಲೆಕ್ಕದ ಪುಸ್ತಕ ಬರೆಯುವ ಕೆಲಸ ನನ್ನದು.

ಕೆಲವು ತಿಂಗಳ ಹಿಂದೆ ಒಂದು ಮದುವೆಯಲ್ಲಿ ಸಂಬಂಧಿಕರೊಬ್ಬರು ಖಾಲಾ ಹತ್ತಿರ ಬಂದು ಕೂತರು. ವ್ಯಾಪಾರ ಹೇಗಿದೆ ಎಂದು ಕೇಳಬಹುದು ಅಂದುಕೊಂಡೆ. ಅವರು ಕೇಳಿದ್ದು, "ನೀನು ಹೀಗೆ ಊರೂರು ತಿರುಗಿದರೆ ಮನೆಯಲ್ಲಿ ಏನೂ ಹೇಳುವುದಿಲ್ಲವೇ?" ಖಾಲಾ ನಕ್ಕು ಸುಮ್ಮನಾದರು. ನನಗೆ ಸುಮ್ಮನಿರುವುದು ಕಷ್ಟವಾಯಿತು. ಆದರೆ ಹಿರಿಯರ ಮುಂದೆ ಏನೂ ಹೇಳಲಿಲ್ಲ.

ಆಮೇಲೆ ಭಾಷಣ ಸ್ಪರ್ಧೆಗಾಗಿ ನಮ್ಮ ಜಿಲ್ಲೆಯ ರಾಣಿ ಚೆನ್ನಭೈರಾದೇವಿಯ ಬಗ್ಗೆ ಓದಿದೆ. ಓದುತ್ತಾ ಹೋದಂತೆ ಆ ಮದುವೆಯ ಮಾತೇ ನೆನಪಾಯಿತು. ಅದಕ್ಕೇ ಈ ಲೇಖನ.

ಚೆನ್ನಭೈರಾದೇವಿ ಗೇರುಸೊಪ್ಪೆಯ ರಾಣಿ. ಸಾಳುವ ಮನೆತನದವಳು, ಜೈನ ಧರ್ಮದವಳು. 1552ರಿಂದ 1606ರವರೆಗೆ, ಅಂದರೆ 54 ವರ್ಷ ಆಳಿದಳು. ಅದೇ ಕಾಲದಲ್ಲಿ ಇಂಗ್ಲೆಂಡಿನಲ್ಲಿ ಒಂದನೇ ಎಲಿಜಬೆತ್ ರಾಣಿಯಾಗಿದ್ದಳು. ಆಕೆ ಆಳಿದ್ದು 1558ರಿಂದ 1603ರವರೆಗೆ, 45 ವರ್ಷ. ನಮ್ಮಲ್ಲಿ ಎಷ್ಟೋ ಜನರಿಗೆ ಎಲಿಜಬೆತ್ ಗೊತ್ತು. ನಮ್ಮ ಪಕ್ಕದ ಹೊನ್ನಾವರ ತಾಲ್ಲೂಕಿನ ರಾಣಿ ಗೊತ್ತಿಲ್ಲ.

ಆಕೆಯ ಮನೆತನದ ಒಂದು ವಿಷಯ ಮೊದಲು ಹೇಳಬೇಕು. ಅಲ್ಲಿ ಅಳಿಯಸಂತಾನ ಪದ್ಧತಿ ಇತ್ತು. ಅಧಿಕಾರ ಮತ್ತು ಆಸ್ತಿ ತಂದೆಯಿಂದ ಮಗನಿಗೆ ಹೋಗದೆ ತಾಯಿಯ ಕಡೆಯಿಂದ ಬರುತ್ತಿತ್ತು. ಹಾಗಾಗಿ ಈ ಮನೆತನದಲ್ಲಿ ಹೆಣ್ಣು ಆಳುವುದು ಹೊಸ ಸಂಗತಿಯಲ್ಲ. 1542ರಲ್ಲಿ ಪೋರ್ಚುಗೀಸರು ಭಟ್ಕಳವನ್ನು ಸುಟ್ಟಾಗಲೂ ಅಲ್ಲಿ ಆಳುತ್ತಿದ್ದವಳು ಒಬ್ಬ ರಾಣಿಯೇ. ಚೆನ್ನಭೈರಾದೇವಿಗೆ ಸಿಂಹಾಸನ ಬಂದದ್ದು ಗಂಡನಿಂದಲ್ಲ, ಗಂಡು ಮಗುವಿನ ಹೆಸರಿನಲ್ಲೂ ಅಲ್ಲ. ಅದು ಆಕೆಯ ಹಕ್ಕು.

ಇನ್ನು ಆಕೆಯ ವ್ಯಾಪಾರ. ಘಟ್ಟದ ಮೇಲೆ ಬೆಳೆದ ಕಾಳುಮೆಣಸು ಕೆಳಗೆ ಬಂದು, ಗೇರುಸೊಪ್ಪೆಯಿಂದ ಶರಾವತಿ ನದಿಯಲ್ಲಿ ದೋಣಿಯ ಮೇಲೆ ಹೊನ್ನಾವರಕ್ಕೆ ಇಳಿಯುತ್ತಿತ್ತು. ಭಟ್ಕಳ ಬಂದರಿಗೆ ಅರಬ್ ದೇಶಗಳ ಕುದುರೆಗಳು ಬರುತ್ತಿದ್ದವು. ಮೆಣಸು ಬೆಳೆಯುವ ಜಾಗ, ಸಾಗಿಸುವ ನದಿ, ಮಾರುವ ಬಂದರು, ಮೂರೂ ಒಬ್ಬಳ ಕೈಯಲ್ಲಿದ್ದವು. ಇದು ಎಂಥ ಶಕ್ತಿ ಎಂದು ಕಾಮರ್ಸ್ ವಿದ್ಯಾರ್ಥಿಗಳಿಗೆ ಬಿಡಿಸಿ ಹೇಳಬೇಕಾಗಿಲ್ಲ. ಪೋರ್ಚುಗೀಸರೇ ಆಕೆಯನ್ನು 'ರೈನಾ ದ ಪಿಮೆಂಟಾ', ಅಂದರೆ ಮೆಣಸಿನ ರಾಣಿ ಎಂದು ಕರೆದರು.

ಆ ವ್ಯಾಪಾರವನ್ನು ಉಳಿಸಿಕೊಳ್ಳುವುದು ಸುಲಭವಿರಲಿಲ್ಲ. ಗೇರುಸೊಪ್ಪೆ ವಿಜಯನಗರದ ಸಾಮಂತ ರಾಜ್ಯ. 1565ರ ತಾಳಿಕೋಟೆ ಯುದ್ಧದಲ್ಲಿ ವಿಜಯನಗರ ಸೋತಾಗ ಆಕೆಯ ಬೆನ್ನಿಗಿದ್ದ ಬಲ ಹೋಯಿತು. 1569ರಲ್ಲಿ ಪೋರ್ಚುಗೀಸರು ಹೊನ್ನಾವರವನ್ನೇ ಹಿಡಿದುಕೊಂಡರು. ಆಗ ಬಿಜಾಪುರದ ಆದಿಲ್ ಶಾಹ, ಅಹಮದ್‌ನಗರದ ನಿಜಾಂ ಶಾಹ ಮತ್ತು ಕಲ್ಲಿಕೋಟೆಯ ಸಾಮೂದಿರಿ ಪೋರ್ಚುಗೀಸರ ವಿರುದ್ಧ ಒಂದಾದರು. ಆದಿಲ್ ಶಾಹನ ಜೊತೆ ಸೇರಿ ಚೆನ್ನಭೈರಾದೇವಿಯೂ ಹೊನ್ನಾವರದ ಮೇಲೆ ಸೇನೆ ಕಳಿಸಿದಳು. ಜೈನ ರಾಣಿ, ಮುಸ್ಲಿಂ ಸುಲ್ತಾನರು, ಹಿಂದೂ ರಾಜ ಒಂದೇ ಕಡೆ ಇದ್ದರು. ಕೋಟೆ ಮಾತ್ರ ಮರಳಿ ಸಿಗಲಿಲ್ಲ. ಆದರೂ ಆಕೆ ಇನ್ನೂ ಮೂವತ್ತಕ್ಕೂ ಹೆಚ್ಚು ವರ್ಷ ರಾಜ್ಯ ಉಳಿಸಿಕೊಂಡಳು. ಕೊನೆಗೆ 1606ರಲ್ಲಿ ಆಕೆಯನ್ನು ಸೋಲಿಸಿದವರು ಪೋರ್ಚುಗೀಸರಲ್ಲ, ಕೆಳದಿಯ ವೆಂಕಟಪ್ಪ ನಾಯಕ. ಆತ ಆಕೆಯನ್ನು ಸೆರೆಹಿಡಿದ. ಇಕ್ಕೇರಿಯ ಸೆರೆಯಲ್ಲೇ ಆಕೆ ತೀರಿಕೊಂಡಳು.

54 ವರ್ಷದ ಈ ಲೆಕ್ಕವನ್ನು ಪಕ್ಕಕ್ಕಿಟ್ಟು, ಮುಂದೆ ಏನಾಯಿತು ನೋಡಿ. 1623ರಲ್ಲಿ ಪಿಯೆತ್ರೊ ದೆಲ್ಲಾ ವಾಲ್ಲೆ ಎಂಬ ಇಟಲಿಯ ಪ್ರವಾಸಿ ಹೊನ್ನಾವರದಿಂದ ದೋಣಿಯಲ್ಲಿ ಗೇರುಸೊಪ್ಪೆಗೆ ಬಂದ. ಪಟ್ಟಣ ಆಗಲೇ ಹಾಳು ಬಿದ್ದಿತ್ತು. ರಾಜ್ಯ ಹಾಳಾದದ್ದಕ್ಕೆ ಆತ ಕೊಟ್ಟ ಕಾರಣ ಏನು ಗೊತ್ತೇ? ರಾಣಿ ಒಬ್ಬ ಸಾಮಾನ್ಯ ಪರಊರಿನವನನ್ನು ಪ್ರೀತಿಸಿ ಅಧಿಕಾರವನ್ನು ಅವನ ಕೈಗೆ ಕೊಟ್ಟಳಂತೆ, ಅವನು ಅವಳಿಗೇ ತಿರುಗಿ ಬಿದ್ದನಂತೆ.

ಈ ಕಥೆ ನಿಜವೋ ಸುಳ್ಳೋ ಎಂದು ತೀರ್ಪು ಕೊಡಲು ನಾನು ಇತಿಹಾಸಕಾರ್ತಿ ಅಲ್ಲ. ಆದರೆ ಹೇಳಿದವರು ಯಾರು ಎಂದು ಕೇಳಬಹುದಲ್ಲ? ದೆಲ್ಲಾ ವಾಲ್ಲೆ ಬಂದದ್ದು ರಾಣಿ ಸೋತ 17 ವರ್ಷದ ಮೇಲೆ. ಬಂದದ್ದು ಪೋರ್ಚುಗೀಸ್ ರಾಯಭಾರಿಯ ಜೊತೆ. ಹೋಗುತ್ತಿದ್ದದ್ದು ಇಕ್ಕೇರಿಗೆ, ವೆಂಕಟಪ್ಪ ನಾಯಕನ ಆಸ್ಥಾನಕ್ಕೆ. ಅಂದರೆ ಒಂದು ಕಡೆ ಆಕೆಯ ಬಂದರು ಕಿತ್ತುಕೊಂಡವರು, ಇನ್ನೊಂದು ಕಡೆ ಆಕೆಯನ್ನು ಸೆರೆಯಲ್ಲಿಟ್ಟವನು. ಇಂಥ ಜಾಗದಲ್ಲಿ ಸಿಗುವ ಸುದ್ದಿ ಆಕೆಯ ಪರವಾಗಿ ಇರುತ್ತದೆಯೇ? ಆ ಕಾಲದಲ್ಲಿ ಎಷ್ಟೋ ರಾಜರು ಸೋತರು. ರಾಜ ಸೋತರೆ ಸೈನ್ಯ ಸಾಲಲಿಲ್ಲ ಎನ್ನುತ್ತಾರೆ. ರಾಣಿ ಸೋತರೆ ಯಾರನ್ನು ಪ್ರೀತಿಸಿದ್ದಳು ಎಂದು ಕೇಳುತ್ತಾರೆ.

"ಅದೆಲ್ಲ 400 ವರ್ಷದ ಹಿಂದಿನ ಮಾತು, ಈಗ ಯಾಕೆ?" ಎಂದು ನೀವು ಕೇಳಬಹುದು. ನನ್ನ ಅಮ್ಮಿಯೂ ಹಾಗೇ ಕೇಳಿದರು. ನನ್ನ ಉತ್ತರ ಇಷ್ಟೇ. ಮದುವೆ ಮನೆಯಲ್ಲಿ ಖಾಲಾಗೆ ಸಿಕ್ಕ ಪ್ರಶ್ನೆಯೂ ಅದೇ ಜಾತಿಯದು. ಖಾಲಾ ಯಾವ ಅಂಗಡಿಗೂ ತಡವಾಗಿ ಮಾಲು ಕೊಟ್ಟಿಲ್ಲ. ಯಾರ ಸಾಲವನ್ನೂ ಉಳಿಸಿಕೊಂಡಿಲ್ಲ. ಇದು ನನಗೆ ಗೊತ್ತು, ಏಕೆಂದರೆ ಪುಸ್ತಕ ಬರೆಯುವವಳು ನಾನು. ಆದರೆ ಆ ಪುಸ್ತಕ ತೋರಿಸು ಎಂದು ಯಾರೂ ಕೇಳುವುದಿಲ್ಲ. ನಾಳೆ ನಾನು ಬಿಕಾಂ ಮುಗಿಸಿ ಅಂಗಡಿ ಇಟ್ಟರೆ ನನಗೂ ಇದೇ ಪ್ರಶ್ನೆ ಬರುತ್ತದೆ. ನಮ್ಮ ಕ್ಲಾಸಿನ ಹುಡುಗಿಯರಿಗೆಲ್ಲ ಬರುತ್ತದೆ. ಹುಡುಗರೇ, ನಿಮ್ಮ ಅಕ್ಕತಂಗಿಯರಿಗೂ ಬರುತ್ತದೆ. ಆಗ ನೀವು ಏನು ಹೇಳುತ್ತೀರಿ ಎಂಬುದು ಮುಖ್ಯ.

ಕಾಲೇಜಿಗೆ ನನ್ನದೊಂದು ವಿನಂತಿ ಇದೆ. ಪ್ರತಿ ವರ್ಷ ಪ್ರವಾಸ ಎಂದರೆ ದೂರದ ಊರುಗಳ ಹೆಸರೇ ಬರುತ್ತದೆ. ಈ ವರ್ಷ ಹತ್ತಿರದಲ್ಲೇ ಹೋಗೋಣ. ಹಾರವಾಡದಲ್ಲಿ ರೈಲು ಹತ್ತಿದರೆ ಅಂಕೋಲಾ, ಗೋಕರ್ಣ ರೋಡ್ ದಾಟಿ ಮಿರ್ಜಾನ್ ಬರುತ್ತದೆ. ಅಘನಾಶಿನಿ ನದಿಯ ಹತ್ತಿರ ಚಿರೇಕಲ್ಲಿನ ದೊಡ್ಡ ಕೋಟೆ ಇದೆ. ಅದನ್ನು ಜನ ಇಂದಿಗೂ ಚೆನ್ನಭೈರಾದೇವಿಯ ಹೆಸರಿನಲ್ಲೇ ನೆನೆಯುತ್ತಾರೆ. ಸಮಯ ಸಿಕ್ಕರೆ ಹೊನ್ನಾವರದಿಂದ ಗೇರುಸೊಪ್ಪೆಗೂ ಹೋಗಬಹುದು. ಅಲ್ಲಿ ಕಾಡಿನ ನಡುವೆ ನಾಲ್ಕು ಬಾಗಿಲಿನ ಚತುರ್ಮುಖ ಬಸದಿ ಇನ್ನೂ ನಿಂತಿದೆ.

ಅಲ್ಲಿಗೆ ಹೋದಾಗ ರಾಣಿ ಯಾರನ್ನು ಪ್ರೀತಿಸಿದ್ದಳು ಎಂದು ಗೈಡ್‌ನನ್ನು ಕೇಳಬೇಡಿ. ಮೆಣಸು ಯಾವ ದಾರಿಯಲ್ಲಿ ಬರುತ್ತಿತ್ತು, ಸುಂಕ ಎಲ್ಲಿ ಕಟ್ಟುತ್ತಿದ್ದರು, ಅಷ್ಟು ವರ್ಷ ರಾಜ್ಯ ಹೇಗೆ ಉಳಿಯಿತು ಎಂದು ಕೇಳಿ. ಮನೆಗೆ ಬಂದ ಮೇಲೆ, ನಿಮ್ಮ ಮನೆಯಲ್ಲಿ ಹೊಲಿಗೆಯೋ ಮಸಾಲೆಯೋ ಮೀನೋ ಮಾರಿ ದುಡಿಯುವ ಹೆಂಗಸರಿದ್ದರೆ ಅವರನ್ನೂ ಕೇಳಿ: ವ್ಯಾಪಾರ ಹೇಗಿದೆ?