‘ಹೆಣದ ಮೇಲಿನ ದುಡ್ಡು’ ಎನ್ನುವವರಿಗೆ

ರಸ್ತೆ ಅಪಘಾತವಾದ ಮನೆಗೆ ಮಾತಾಡಿಸಲು ಹೋದವರು ನಮ್ಮ ಮತ್ತಿಗಿರಿಯಲ್ಲಿ ಎರಡು ಮಾತು ಹೇಳಿಬರುತ್ತಾರೆ. ಧೈರ್ಯ ತಂದುಕೊಳ್ಳಿ ಎಂಬುದು ಒಂದು. ಕ್ಲೇಮು ಗೀಮು ಅಂತ ಕೋರ್ಟು ಹತ್ತಬೇಡಿ, ಹೆಣದ ಮೇಲಿನ ದುಡ್ಡು ದಕ್ಕಲ್ಲ ಎಂಬುದು ಇನ್ನೊಂದು. ಮೊದಲನೆಯದಕ್ಕೆ ನನ್ನ ತಕರಾರಿಲ್ಲ.

ಗುದ್ದಿದವನೂ ಬಡವನೇ, ಅವನ ಮನೆ ಯಾಕೆ ಮುರಿಯಬೇಕು ಅನ್ನುತ್ತಾರೆ. ಗಾಡಿಗೆ ವಿಮೆ ಇದ್ದರೆ ದುಡ್ಡು ಕೊಡುವುದು ವಿಮೆ ಕಂಪನಿ. ಥರ್ಡ್ ಪಾರ್ಟಿ ವಿಮೆಯನ್ನು ಕಾನೂನು ಕಡ್ಡಾಯ ಮಾಡಿರುವುದೇ ಇದಕ್ಕಾಗಿ. ವರ್ಷವರ್ಷವೂ ‘ಸುಮ್ಮನೆ ದಂಡ’ ಎಂದು ಗೊಣಗುತ್ತ ಪ್ರೀಮಿಯಂ ಕಟ್ಟುವವರೇ ಈ ಮಾತು ಆಡುವುದು ತಮಾಷೆ.

ಅಪಘಾತವಾಗಿದ್ದು ಅತ್ತಿಬೆಲೆ ಆಚೆ, ನಾವು ತಮಿಳುನಾಡಿನವರು, ಬೆಂಗಳೂರಿಗೆ ಯಾರು ಅಲೀತಾರೆ? ಗಡಿಯವರಾದ ನಮ್ಮನ್ನು ಹೆಚ್ಚು ಕೆಡಿಸಿರುವುದು ಈ ಭಯ. 1988ರ ಮೋಟಾರು ವಾಹನ ಕಾಯ್ದೆಯ 166ನೇ ಕಲಂ ಆಯ್ಕೆಯನ್ನು ಅರ್ಜಿದಾರನಿಗೇ ಬಿಟ್ಟಿದೆ: ಅಪಘಾತ ನಡೆದ ಜಾಗ, ಅವನು ವಾಸಿಸುವ ಇಲ್ಲವೇ ವ್ಯವಹಾರ ನಡೆಸುವ ಜಾಗ, ಎದುರುಪಕ್ಷದವನು ಇರುವ ಜಾಗ, ಯಾವುದಾದರೂ ಆದೀತು. ಹೊಸೂರಿನಲ್ಲೇ ಹಾಕಬಹುದು. ಬೆಂಗಳೂರಲ್ಲಿ ‘ಎಂವಿಸಿ’ ಅನ್ನುವ ಕೇಸು ಇಲ್ಲಿ ‘ಎಂಸಿಒಪಿ’ ಆಗುತ್ತದೆ. ಕನ್ನಡದ ಎಫ್‌ಐಆರ್ ತರ್ಜುಮೆ ಮಾಡಿಸಬೇಕಾದೀತು, ಅಷ್ಟೆ. ಎರಡು ಭಾಷೆಯಲ್ಲಿ ಬೆಳೆದ ನಮಗೆ ಅದೇನು ದೊಡ್ಡದು!

ಸಂಬಳದ ಚೀಟಿ ಇಲ್ಲದ ಕೂಲಿಯವನಿಗೆ ಏನು ಸಿಗುತ್ತೆ ಎಂಬ ಮಾತಿಗೆ, ಕರ್ನಾಟಕದಿಂದಲೇ ಸುಪ್ರೀಂ ಕೋರ್ಟಿಗೆ ಹೋದ ಒಂದು ಕೇಸಿನಲ್ಲಿ ಉತ್ತರವಿದೆ. 2004ರಲ್ಲಿ ಗಾಯಗೊಂಡ ಕೂಲಿಕಾರ ತನ್ನ ದುಡಿಮೆ ತಿಂಗಳಿಗೆ 4,500 ರೂಪಾಯಿ ಎಂದಿದ್ದ. ಕೆಳಗೆ ಅದನ್ನು 3,000ಕ್ಕೆ ಇಳಿಸಿದರು. ಅಂದಿನ ಕೂಲಿ ದರ ನೋಡಿದರೆ ಅವನು ಹೇಳಿದ್ದು ಸರಿಯಾಗೇ ಇದೆ ಎಂದು ಸುಪ್ರೀಂ ಕೋರ್ಟ್ 2011ರಲ್ಲಿ 4,500 ಅನ್ನೇ ಒಪ್ಪಿತು. ಅದರ ಹಿಂದಿನ ವರ್ಷ, 2010ರಲ್ಲಿ, ಇನ್ನೊಂದು ತೀರ್ಪಿನಲ್ಲಿ, ಡಾಕ್ಟರು ಬರೆದ ಊನದ ಶೇಕಡಾವಾರು ಒಂದೇ ಸಾಲದು, ಆ ಊನದಿಂದ ಅವನ ಕಸುಬಿಗೆ ಎಷ್ಟು ಪೆಟ್ಟು ಬಿತ್ತು ಎಂಬುದನ್ನು ನೋಡಿ ಎಂದಿತು. ಎಡಗೈ ಹೋದರೂ ಗುಮಾಸ್ತನ ಕೆಲಸ ನಡೆದೀತು. ಬಡಗಿಯ ದುಡಿಮೆ ಪೂರ್ತಿ ನಿಂತೀತು. ಗುಲಾಬಿ ತೋಟದಲ್ಲಿ ಕೊಯ್ಯುವವಳ ಬೆರಳನ್ನೂ ಹಾಗೇ ಲೆಕ್ಕ ಹಾಕಬೇಕು. ‘ಮನೇಲಿದ್ದವಳು, ಸಂಪಾದನೆ ಇರಲಿಲ್ಲ’ ಎಂಬುದೂ ನಿಲ್ಲುವುದಿಲ್ಲ. ಜಮ್ಶೆಡ್‌ಪುರದ 1989ರ ಬೆಂಕಿ ಅನಾಹುತದ ಪ್ರಕರಣದಲ್ಲಿ 2001ರಷ್ಟು ಹಿಂದೆಯೇ ಗೃಹಿಣಿಯ ಮನೆವಾರ್ತೆಗೆ ತಿಂಗಳಿಗೆ 3,000 ರೂಪಾಯಿ ಬೆಲೆ ಕಟ್ಟಿದ್ದಾರೆ.

ಹೆಲ್ಮೆಟ್ ಇರಲಿಲ್ಲವೇ? ಮೊತ್ತದಲ್ಲಿ ಒಂದಷ್ಟು ಕಡಿತವಾದೀತು, ಅದಕ್ಕೇ ಕೇಸು ಬಿದ್ದುಹೋಗದು. ಗುದ್ದಿದ ಲಾರಿ ಹೆದ್ದಾರಿಯಲ್ಲಿ ತಪ್ಪಿಸಿಕೊಂಡು ಪತ್ತೆಯಾಗದಿದ್ದರೆ, 2022ರ ಯೋಜನೆಯಲ್ಲಿ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50,000 ಇದೆ. ಅರ್ಜಿ ಕಂದಾಯ ಅಧಿಕಾರಿಗೆ.

ಒಂದು ಮಾತು ಮಾತ್ರ ಅವರು ಹೇಳುವುದು ನಿಜ: ಆಸ್ಪತ್ರೆ ಬಾಗಿಲಲ್ಲೇ ದಲ್ಲಾಳಿಗಳು ಕಾಯುತ್ತಾರೆ. ಬಂದ ಹಣದಲ್ಲಿ ಇಷ್ಟು ಪಾಲು ಎಂದು ವಕೀಲರು ಕರಾರು ಮಾಡಿಕೊಳ್ಳುವುದು ಬಾರ್ ಕೌನ್ಸಿಲ್ ನಿಯಮಕ್ಕೇ ವಿರುದ್ಧ. ದಲ್ಲಾಳಿ ಕೆಟ್ಟವನೆಂದು ಹಕ್ಕು ಬಿಡುವುದಾದರೆ ಮಂಡಿಯಲ್ಲಿ ಕಮಿಷನ್ ಹೊಡೆಯುತ್ತಾರೆಂದು ಟೊಮೆಟೊ ಬೆಳೆಯುವುದನ್ನೂ ಬಿಡಬೇಕಿತ್ತು.

ಕೊನೆಯದು, ‘ವರ್ಷದ ತಿಥಿ ಕಳೀಲಿ, ಆಮೇಲೆ ನೋಡೋಣ’. ಹಿಂದೆ ನಡೆಯುತ್ತಿತ್ತು, ಗಡುವಿರಲಿಲ್ಲ. 2022ರ ಏಪ್ರಿಲ್ 1ರಿಂದ ಕಾನೂನಿನಲ್ಲಿ ಆರೇ ತಿಂಗಳು. ಅದನ್ನು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಿದವರಿದ್ದಾರೆ, ಆದರೆ ಅದನ್ನು ನೆಚ್ಚಿ ಕೂರಬೇಡಿ. ಮುಂದಿನ ಸಲ ಮಾತಾಡಿಸಲು ಹೋದಾಗ ಎಫ್‌ಐಆರ್, ಆಸ್ಪತ್ರೆಯ ಎ.ಆರ್. (ಆ್ಯಕ್ಸಿಡೆಂಟ್ ರಿಜಿಸ್ಟರ್) ಕಾಪಿ, ಔಷಧಿಯ ಬಿಲ್ಲು ಎಲ್ಲಿಟ್ಟಿದ್ದೀರಮ್ಮಾ ಎಂದು ಕೇಳಿ.