ಸಂಬಳಕ್ಕೆ ಬೀಳುವ ಕತ್ತರಿ ಮತ್ತು ನಮ್ಮ ವಿದ್ಯಾಸಂಸ್ಥೆಗಳು



ಮಠದ ಆಶ್ರಯದ ಶಾಲೆಯ ಶಿಕ್ಷಕರೊಬ್ಬರು ಆಡಳಿತ ಮಂಡಳಿಯ ವಿರುದ್ಧ ನ್ಯಾಯಾಲಯಕ್ಕೆ ಹೋದರೆಂದರೆ, "ಉಂಡ ಮನೆಗೆ ಎರಡು ಬಗೆದರು" ಎಂಬ ಮಾತು ಮೊದಲು ಕೇಳಿಬರುತ್ತದೆ. ಈ ಮಾತನ್ನು ನಾನು ಒಪ್ಪುವುದಿಲ್ಲ. ಸಂಬಳವು ಸಂಸ್ಥೆ ಕೊಡುವ ಭಿಕ್ಷೆಯಲ್ಲ, ಕಾಯಕದ ಫಲ. ಮಾರಯ್ಯ ಹೆಚ್ಚು ಅಕ್ಕಿ ತಂದಾಗ ಹಿಂದಿರುಗಿಸಿ ಬರಲು ಹೇಳಿದ ಆಯ್ದಕ್ಕಿ ಲಕ್ಕಮ್ಮನ ಕಥೆಯನ್ನು ನಾವು ನೌಕರರಿಗೆ ತಪ್ಪದೆ ಹೇಳುತ್ತೇವೆ. ತೆಗೆದುಕೊಳ್ಳುವವನಿಗೆ ಇರುವ ಆ ಮಿತಿ ಹಿಡಿದುಕೊಳ್ಳುವವನಿಗೂ ಇರಬೇಡವೇ?

ತಪ್ಪು ಮಾಡಿದವರಿಗೆ ಶಿಕ್ಷೆ ಬೇಡವೆಂದು ನಾನು ಹೇಳುತ್ತಿಲ್ಲ. ಪಾಠ ಮಾಡದೆ ಮನೆಪಾಠದಲ್ಲಿ ಮುಳುಗಿದವರನ್ನು ಬಲ್ಲೆ. ಆದರೆ ಶಿಕ್ಷೆಯ ಭಾರವೆಷ್ಟೆಂದು ಅದನ್ನು ಕೊಡುವವರಿಗೆ ಗೊತ್ತಿರಬೇಕು. ಇಂಜಿನಿಯರನಾದ ನನಗೆ ಲೆಕ್ಕ ಹಾಕುವ ಚಾಳಿ ಬಿಟ್ಟಿಲ್ಲ. ಒಬ್ಬ ಶಿಕ್ಷಕಿಯ ವಾರ್ಷಿಕ ವೇತನ ಬಡ್ತಿ 1,000 ರೂಪಾಯಿ, ನಿವೃತ್ತಿಗೆ ಇನ್ನು 18 ವರ್ಷ ಎಂದಿಟ್ಟುಕೊಳ್ಳಿ. ಒಂದು ಬಡ್ತಿಯನ್ನು ಒಂದು ವರ್ಷದ ಮಟ್ಟಿಗೆ ತಡೆದರೆ ನಷ್ಟ 12,000. ಅದೇ ಆದೇಶದಲ್ಲಿ "ಸಂಚಿತ ಪರಿಣಾಮಕ್ಕೆ ಒಳಪಟ್ಟು" ಎಂಬ ಮೂರು ಪದ ಸೇರಿದರೆ 2,16,000. ತುಟ್ಟಿಭತ್ಯೆ, ಭವಿಷ್ಯನಿಧಿಯ ಕಡಿತ ಬೇರೆ. ಉಪದಾನವನ್ನು ಕೊನೆಯ ಸಂಬಳದ ಮೇಲೆ, ಇಡೀ ಸೇವಾವಧಿಗೆ ಲೆಕ್ಕ ಹಾಕುವುದರಿಂದ 30 ವರ್ಷ ದುಡಿದವರಿಗೆ ಅಲ್ಲಿಯೂ ಸುಮಾರು 17,300 ಖೋತಾ. ಸಭೆಯಲ್ಲಿ ಚಹಾ ಆರುವ ಮೊದಲೇ ಠರಾವು ಮುಗಿದಿರುತ್ತದೆ!

ಸಂಚಿತ ಪರಿಣಾಮದೊಂದಿಗೆ ಬಡ್ತಿ ತಡೆಯುವುದು ಸಣ್ಣ ದಂಡನೆಯಲ್ಲ, ಪೂರ್ಣ ವಿಚಾರಣೆಯಿಲ್ಲದೆ ಅದನ್ನು ವಿಧಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1990ರಲ್ಲಿಯೇ, ಪಂಜಾಬಿನ ಸರಕಾರಿ ನೌಕರರೊಬ್ಬರ ಪ್ರಕರಣದಲ್ಲಿ ಹೇಳಿತು. ಸರಕಾರಿ ಸೇವೆಯಲ್ಲಿದ್ದ ನಮಗೆ 1957ರ ಸಿಸಿಎ ನಿಯಮಗಳ ರಕ್ಷಣೆಯಿತ್ತು. ಖಾಸಗಿ ಶಾಲೆಯವರ ಸ್ಥಿತಿ ಹಾಗಿಲ್ಲ. 1983ರ ಕರ್ನಾಟಕ ಶಿಕ್ಷಣ ಕಾಯ್ದೆಯ 92ನೇ ಕಲಮು ವಿಚಾರಣೆಯಿಲ್ಲದೆ ವಜಾ ಮಾಡಬಾರದು, ಸೇವೆಯಿಂದ ತೆಗೆಯಬಾರದು, ಹಿಂಬಡ್ತಿ ಕೊಡಬಾರದು ಎನ್ನುತ್ತದೆ. ಈ ಮೂರಕ್ಕೆ 94ನೇ ಕಲಮಿನಂತೆ ಮೂರು ತಿಂಗಳೊಳಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಸಂಬಳದ ದಂಡನೆಯ ಹೆಸರು ಆ ಪಟ್ಟಿಯಲ್ಲಿಲ್ಲ. ವ್ಯಾಜ್ಯ ಹುಟ್ಟುವುದು ಇಲ್ಲಿಯೇ. ಸಂಬಳ ಇಳಿಸಿದ್ದೂ ಹಿಂಬಡ್ತಿಯೇ ಎಂದು ನೌಕರರು, ಅಲ್ಲವೆಂದು ಆಡಳಿತ ಮಂಡಳಿ. ವಾದ ಮುಗಿಯುವಷ್ಟರಲ್ಲಿ ವರ್ಷಗಳು ಉರುಳಿರುತ್ತವೆ.

ಬೇರೆ ಬಾಗಿಲುಗಳೂ ಕಿರಿದು. ಶಿಕ್ಷಕರು ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಕಾರ್ಮಿಕರಲ್ಲವೆಂದು 1988ರಲ್ಲಿ ತೀರ್ಪಾಯಿತು. ಶಾಸನದ ಬೆಂಬಲವಿಲ್ಲದ ಸೇವಾ ವಿವಾದಕ್ಕೆ ಖಾಸಗಿ ಶಾಲೆಯ ಮೇಲೆ ರಿಟ್ ಸಲ್ಲದೆಂದು 2022ರಲ್ಲಿ ತೀರ್ಪು ಬಂತು. ಪ್ರತಿ ಜಿಲ್ಲೆಯಲ್ಲೂ ಶಿಕ್ಷಣ ನ್ಯಾಯಮಂಡಳಿ ಬೇಕೆಂದು ಹನ್ನೊಂದು ನ್ಯಾಯಮೂರ್ತಿಗಳ ಪೀಠ ಟಿ.ಎಂ.ಎ. ಪೈ ಪ್ರಕರಣದಲ್ಲಿ ಹೇಳಿದ್ದು 2002ರಲ್ಲಿ. ನೌಕರರ ಅಹವಾಲಿಗೆ ಹತ್ತಿರದಲ್ಲೇ ಒಂದು ಜಾಗವಿರಲಿ ಎಂಬುದೇ ಅದರ ಆಶಯ.

ಕೆಲವು ಕಡೆ ಆದೇಶವೂ ಇರುವುದಿಲ್ಲ. "ಈ ವರ್ಷ ನಿಮ್ಮ ಬಡ್ತಿ ಇಲ್ಲ, ಅಧ್ಯಕ್ಷರು ಹೇಳಿದ್ದಾರೆ" ಎಂದು ಗುಮಾಸ್ತರು ಬಾಯಲ್ಲಿ ಹೇಳುತ್ತಾರೆ, ಅಷ್ಟೇ. ಕಾಗದವಿಲ್ಲದ ಶಿಕ್ಷೆಯ ಮೇಲೆ ಮನವಿ ಬರೆಯುವುದಾದರೂ ಹೇಗೆ? ಅನುಭವ ಮಂಟಪದಲ್ಲಿ ಪ್ರಶ್ನೆ ಕೇಳುವುದು ದ್ರೋಹವಾಗಿರಲಿಲ್ಲ ಎಂದು ಬಸವ ಜಯಂತಿಯ ದಿನ ಭಾಷಣ ಮಾಡುವವರೇ ಮರುದಿನ ಕಾರಣ ಕೇಳುವ ನೋಟಿಸಿಗೆ ಉತ್ತರ ಬರೆದವರನ್ನು ಉದ್ಧಟರೆನ್ನುತ್ತಾರೆ.

ಕಾಯ್ದೆ ತಿದ್ದುಪಡಿಯಾಗುವವರೆಗೆ ಕಾಯಬೇಕಿಲ್ಲ. ಪೂಜ್ಯರು ಮನಸ್ಸು ಮಾಡಿದರೆ ಮುಂದಿನ ಶೈಕ್ಷಣಿಕ ವರ್ಷದಿಂದಲೇ ನಮ್ಮ ಸಂಸ್ಥೆಗಳಲ್ಲಿ ಲಿಖಿತ ದೋಷಾರೋಪಣೆಯಿಲ್ಲದೆ ಒಂದು ರೂಪಾಯಿಯನ್ನೂ ತಡೆಯದ ನಿಯಮ ತರಬಹುದು. ವಿಚಾರಣಾಧಿಕಾರಿ ಆಡಳಿತ ಮಂಡಳಿಯ ಸದಸ್ಯರಾಗಲಿ, ಅವರ ಬೀಗರಾಗಲಿ ಆಗಿರಬಾರದು. ನಮ್ಮ ಸಮಾಜದಲ್ಲಿ ನಿವೃತ್ತ ನ್ಯಾಯಾಧೀಶರಿಗೆ, ಅಧಿಕಾರಿಗಳಿಗೆ ಕೊರತೆಯಿಲ್ಲ. ಇಂಥವರಲ್ಲಿ ಮೂವರ ಮೇಲ್ಮನವಿ ಸಮಿತಿಯೊಂದನ್ನು ಪ್ರತಿ ಮಠ ರಚಿಸಲಿ. ಅಮಾನತಿನಲ್ಲಿರುವವರಿಗೆ ಜೀವನಾಧಾರ ಭತ್ಯೆ ತಿಂಗಳು ತಿಂಗಳು ಸಲ್ಲಲಿ. ವಿಚಾರಣಾಧಿಕಾರಿಯ ಕೆಲಸಕ್ಕೆ ಸಂಭಾವನೆಯಿಲ್ಲದೆ ಬರಲು ನಾನು ಸಿದ್ಧನಿದ್ದೇನೆ. ಆಸಕ್ತ ನಿವೃತ್ತರು ತಮ್ಮ ಹೆಸರನ್ನು ಸಮೀಪದ ಮಠದಲ್ಲಿ ಬರೆಸಬೇಕೆಂದು ಕೋರುತ್ತೇನೆ.